ಜಾರ್ಜ್‌ಟೌನ್‌ನ ಗೋಡೆ ಚಿತ್ರಗಳು, ಬೀದಿ ತಿನಿಸು: ದಸರಾ ರಜೆಯಲ್ಲಿ ಸಸ್ಯಾಹಾರಿಗಳು ಹೋಗಬಹುದೇ?

ಪ್ರಶ್ನೆ: ಕಿನ್ನಾಳ ಕುಂಚ (ಕೊಪ್ಪಳ)

ಎಲ್ಲರಿಗೂ ನಮಸ್ಕಾರ. ಬರುವ ದಸರಾ ರಜೆಯಲ್ಲಿ ತಾಯಿ ಮತ್ತು ತಮ್ಮನೊಂದಿಗೆ ಮಲೇಷ್ಯಾದ ಪೆನಾಂಗ್ ದ್ವೀಪದಲ್ಲಿರುವ ಜಾರ್ಜ್‌ಟೌನ್‌ಗೆ ಹೋಗಿಬರುವ ವಿಚಾರವಿದೆ. ನಾನು ಪ್ರೌಢಶಾಲೆಯಲ್ಲಿ ಚಿತ್ರಕಲೆ ಕಲಿಸುವವಳು. ಕಿನ್ನಾಳದ ಚಿತ್ರಗಾರರು ಹುಣಸೆಬೀಜದ ಅಂಟು, ಕಲ್ಲಿನ ಪುಡಿಗಳಿಂದ ಮರದ ಗೊಂಬೆಗೆ ಮೈ ಕಟ್ಟಿ, ಅದರ ಮೇಲೆ ಬಣ್ಣ ಹಚ್ಚುವ ಕ್ರಮವನ್ನು ಮಕ್ಕಳಿಗೆ ತೋರಿಸುತ್ತ ಬಂದಿರುವುದರಿಂದ, ಒಂದು ಊರು ತನ್ನ ಗೋಡೆಗಳನ್ನೇ ಚಿತ್ರಗಳಿಗೆ ಬಿಟ್ಟುಕೊಟ್ಟರೆ ಆ ಗೋಡೆಗೂ ಬಣ್ಣಕ್ಕೂ ಏನಾಗುತ್ತದೆ ಎಂಬುದನ್ನು ಹತ್ತಿರದಿಂದ ನೋಡುವ ಆಸೆ. ಅಂತರ್ಜಾಲದಲ್ಲಿ ಹುಡುಕಿದರೆ ಸಿಗುವುದೆಲ್ಲ ಸೈಕಲ್ ಮೇಲಿನ ಮಕ್ಕಳ ಚಿತ್ರದ ಮುಂದೆ ನಿಂತವರ ಫೋಟೋಗಳೇ. ಅದರಾಚೆ ನೋಡುವುದು ಏನಿದೆ, ಹೇಗೆ ನೋಡಬೇಕು?

ಎರಡನೆಯದು ಊಟದ ಮಾತು. ಪೆನಾಂಗ್ ತನ್ನ ಬೀದಿ ತಿನಿಸಿಗೆ ಹೆಸರಾದ ಊರು ಎನ್ನುತ್ತಾರೆ. ನಾನು ಮತ್ತು ತಾಯಿ ಮೊಟ್ಟೆಯನ್ನೂ ಮುಟ್ಟದವರು. ತಮ್ಮ ಮಾತ್ರ ಎಲ್ಲವನ್ನೂ ತಿನ್ನುವವನು. ಅಷ್ಟು ದೂರ ಹೋಗಿ ಬಿಸ್ಕತ್ತು, ಬಾಳೆಹಣ್ಣಿನಲ್ಲಿ ದಿನ ಕಳೆಯುವುದು ತಾಯಿಗೂ ಇಷ್ಟವಿಲ್ಲ, ನನಗೂ ಇಷ್ಟವಿಲ್ಲ. ಹೋಗಿಬಂದವರು ದಯವಿಟ್ಟು ವಿವರವಾಗಿ ತಿಳಿಸಬೇಕಾಗಿ ಕೋರಿಕೆ.

ಉತ್ತರ 1: ಬಳ್ಳಾರಿ ಗುಡ್ಡ (ಬಳ್ಳಾರಿ)

ಮೇಡಂ, ನಾನು ಚಿತ್ರಗಳ ಮಟ್ಟಿಗೆ ಉತ್ತರಿಸುತ್ತೇನೆ. ಊಟದ ವಿಷಯವನ್ನು ನನಗಿಂತ ಬಲ್ಲವರು ಇಲ್ಲಿದ್ದಾರೆ.

ನೀವು ಹೇಳಿದ ಸೈಕಲ್ ಚಿತ್ರ ಅರ್ಮೇನಿಯನ್ ಬೀದಿಯಲ್ಲಿದೆ. ಲಿಥುವೇನಿಯಾದ ಕಲಾವಿದ ಅರ್ನೆಸ್ಟ್ ಜಖಾರೆವಿಚ್ 2012ರ ಜಾರ್ಜ್‌ಟೌನ್ ಉತ್ಸವಕ್ಕಾಗಿ ಬರೆದ ಸರಣಿಗೆ ಸೇರಿದ್ದು ಅದು. ಅಲ್ಲಿ ಸೈಕಲ್ ನಿಜವಾದದ್ದು, ಗೋಡೆಗೆ ಬಿಗಿದದ್ದು. ಮಕ್ಕಳು ಮಾತ್ರ ಬಣ್ಣದವರು. ಆಹ್ ಕ್ವೀ ಬೀದಿಯಲ್ಲಿ ಹಳೆಯ ಮೋಟಾರ್ ಸೈಕಲ್ ಮೇಲೆ ಕುಳಿತ ಹುಡುಗನದ್ದೂ, ಕ್ಯಾನನ್ ಬೀದಿಯಲ್ಲಿ ಕುರ್ಚಿಯ ಮೇಲೆ ನಿಂತು ಎತ್ತರಕ್ಕೆ ಕೈ ಚಾಚುವ ಹುಡುಗನದ್ದೂ ಇದೇ ಉಪಾಯ. ಮುಂತ್ರಿ ಬೀದಿಯಲ್ಲಿರುವ ನೀಲಿ ಉಡುಪಿನ ಹುಡುಗಿಯ ಚಿತ್ರದಲ್ಲಿ ಅಂಥ ವಸ್ತು ಯಾವುದೂ ಇಲ್ಲ. ಆಕೆ ಮನೆಯ ಎರಡು ಕಿಟಕಿಗಳ ನೆತ್ತಿಯ ಮೇಲೆ ಕೈಯೂರಿ ತೂಗಿಕೊಂಡಿದ್ದಾಳೆ, ಅಂದರೆ ಮನೆಯೇ ಚಿತ್ರದ ಅರ್ಧ ಭಾಗ. ಚಿತ್ರಕಲೆ ಕಲಿಸುವವರಿಗೆ ನಿಂತು ನೋಡಲು ಯೋಗ್ಯವಾದದ್ದು ಇದು. ಸೈಕಲ್ಲಿನ ಮುಂದೆ ಸಾಲು ಉದ್ದವಿದ್ದರೆ ಅಲ್ಲಿ ಹೊತ್ತು ಕಳೆಯದೆ ಇಲ್ಲಿಗೆ ಬನ್ನಿ.

ಪ್ರವಾಸಿಗರು ಬೇಗ ದಾಟಿಹೋಗುವ ಇನ್ನೊಂದು ಬಗೆಯ ಕೃತಿಗಳಿವೆ. ಊರು 2008ರಲ್ಲಿ ಮೆಲಾಕಾ ನಗರದೊಂದಿಗೆ ಯುನೆಸ್ಕೋ ವಿಶ್ವ ಪರಂಪರೆಯ ಪಟ್ಟಿಗೆ ಸೇರಿದ ಬಳಿಕ, ಪೆನಾಂಗ್ ರಾಜ್ಯದ ಸರ್ಕಾರವು ಕಬ್ಬಿಣದ ಸರಳುಗಳನ್ನು ಬಗ್ಗಿಸಿ ಮಾಡಿದ 52 ವ್ಯಂಗ್ಯಚಿತ್ರಗಳನ್ನು ಬೀದಿ ಬೀದಿಯ ಗೋಡೆಗಳಿಗೆ ಹಾಕಿಸಿತು. ಪ್ರತಿಯೊಂದೂ ತಾನು ನಿಂತ ಬೀದಿಯ ಚರಿತ್ರೆಯನ್ನು ನಗೆಯೊಡನೆ ಹೇಳುತ್ತದೆ. ಕ್ಯಾನನ್ ಬೀದಿಯದ್ದು ಊರಿನ ಗುಪ್ತ ಸಂಘಗಳ ನಡುವೆ ನಡೆದ 1867ರ ದಂಗೆಯಲ್ಲಿ ಹಾರಿದ ಫಿರಂಗಿ ಗುಂಡಿನ ನೆನಪಿನದ್ದು. ಜಗತ್ಪ್ರಸಿದ್ಧ ಪಾದರಕ್ಷೆ ವಿನ್ಯಾಸಕ ಜಿಮ್ಮಿ ಚೂ ಚಮ್ಮಾರಿಕೆ ಕಲಿಯಲು ತೊಡಗಿದ ಜಾಗದಲ್ಲಿ ಇನ್ನೊಂದಿದೆ. ನನ್ನ ಅಭಿಪ್ರಾಯದಲ್ಲಿ ಊರನ್ನು ಅರಿಯಲು ಬಣ್ಣದ ಚಿತ್ರಗಳಿಗಿಂತ ಈ ಸರಳುಗಳೇ ಹೆಚ್ಚು ನೆರವಾಗುತ್ತವೆ, ಏಕೆಂದರೆ ಅವನ್ನು ಬೇರೆ ಯಾವ ಬೀದಿಗೆ ಒಯ್ದರೂ ಅರ್ಥ ಕೆಡುತ್ತದೆ.

ಗೋಡೆಗೂ ಬಣ್ಣಕ್ಕೂ ಏನಾಗುತ್ತದೆ ಎಂದು ಕೇಳಿದ್ದೀರಿ. ಕೆಳಗೆ ಅಂಗಡಿ, ಮೇಲೆ ಮನೆ ಇರುವ ಅಲ್ಲಿನ ಹಳೆಯ ಕಟ್ಟಡಗಳು ಇಟ್ಟಿಗೆಯವು, ಮೇಲೆ ಸುಣ್ಣದ ಗಾರೆ ಬಳಿದವು. ನೆಲದಿಂದ ಏರಿದ ತೇವವು ಸುಣ್ಣದ ಗಾರೆಯ ಮೂಲಕ ಹೊರಗೆ ಆರಿಹೋಗುತ್ತದೆ. ಅದರ ಮೇಲೆ ಸಿಮೆಂಟನ್ನೋ ಪ್ಲಾಸ್ಟಿಕ್ ಗುಣದ ಬಣ್ಣವನ್ನೋ ದಪ್ಪನಾಗಿ ಬಳಿದರೆ ತೇವ ಒಳಗೇ ಸಿಕ್ಕಿಕೊಂಡು, ಉಪ್ಪು ಹೊರಹೊಮ್ಮಿ, ಬಣ್ಣ ಹಕ್ಕಳೆಯಾಗಿ ಏಳುತ್ತದೆ. ಅದಕ್ಕಾಗಿಯೇ ಸಂರಕ್ಷಣೆಯವರು ಇಂಥ ಗೋಡೆಗಳಿಗೆ ಸುಣ್ಣದ ಬಣ್ಣವನ್ನೇ ಸಲಹೆ ಮಾಡುತ್ತಾರೆ. ನೀವು ಆನೆಗೊಂದಿಯ ಹುಚ್ಚಪ್ಪಯ್ಯನ ಮಠದ ಛಾವಣಿಯ ಚಿತ್ರಗಳನ್ನು ನೋಡಿರುತ್ತೀರಿ. ಅವು ಸೂರಿನ ಕೆಳಗಿನವು, ಮಳೆ ಬಿಸಿಲು ಕಾಣದವು. ಪೆನಾಂಗಿನ ಚಿತ್ರಗಳು ವರ್ಷದುದ್ದಕ್ಕೂ ತೇವದ ಗಾಳಿ, ಜಡಿಮಳೆ, ಕಡಲ ಉಪ್ಪು ಮೂರನ್ನೂ ಎದುರಿಸುತ್ತವೆ. ಮಸುಕಾದ ಚಿತ್ರ ಕಂಡರೆ ನಿರಾಶರಾಗದೆ ಅದರ ಅಂಚುಗಳನ್ನು ಹತ್ತಿರದಿಂದ ನೋಡಿ. ನಿಮ್ಮ ಪ್ರಶ್ನೆಗೆ ಉತ್ತರ ಅಲ್ಲಿಯೇ ಇರುತ್ತದೆ.

ಕೊನೆಯದಾಗಿ ಕೆಲವು ವ್ಯಾವಹಾರಿಕ ಮಾತುಗಳು. ಪರಂಪರೆಯ ಮುಖ್ಯ ವಲಯ ಸುಮಾರು 109 ಹೆಕ್ಟೇರ್ ಅಷ್ಟೇ, ನಡೆದೇ ನೋಡಬಹುದು. ಕಾಲು ಸೋತರೆ ಊರೊಳಗೆ ಸುತ್ತುವ ಉಚಿತ ಬಸ್ಸಿದೆ. ಅಲ್ಲಿನ ಗಡಿಯಾರ ನಮ್ಮದಕ್ಕಿಂತ ಎರಡೂವರೆ ತಾಸು ಮುಂದಿದ್ದರೂ ಸೂರ್ಯ ಕಾಣುವುದು ಏಳರ ಆಸುಪಾಸಿನಲ್ಲಿ, ಆದ್ದರಿಂದ ಚಿತ್ರ ತೆಗೆಯಲು ಏಳೂವರೆಯಿಂದ ಒಂಬತ್ತರವರೆಗಿನ ಬೆಳಕು ಒಳ್ಳೆಯದು. ಆಗ ಜನವೂ ಕಡಿಮೆ. ಅಕ್ಟೋಬರ್ ಅಲ್ಲಿ ಮಳೆಯ ತಿಂಗಳು. ಬೇಸಿಗೆ ಮತ್ತು ಕಡು ಬೇಸಿಗೆ ಎಂಬ ಎರಡೇ ಕಾಲಗಳನ್ನು ಬಲ್ಲ ನಮ್ಮ ಬಳ್ಳಾರಿಯವರಿಗೆ ಅಲ್ಲಿನ ಶಾಖ ಏನೂ ಅಲ್ಲ, ಆದರೆ ಬೆವರು ಆರದ ಆ ಸೆಕೆ ಬೇರೆಯೇ. ಅಂಗಡಿ ಸಾಲಿನ ಮುಂದೆ ಸೂರು ಹೊದಿಸಿದ ನಡೆದಾರಿಗಳಿವೆ. ಅಮ್ಮನವರನ್ನು ಅವುಗಳ ನೆರಳಲ್ಲೇ ನಡೆಸಿ. ಭಾರತೀಯರಿಗೆ 2026ರ ಡಿಸೆಂಬರ್ 31ರವರೆಗೆ 30 ದಿನಗಳ ಭೇಟಿಗೆ ವೀಸಾ ಬೇಡ, ಆದರೆ ತಲುಪುವುದಕ್ಕೆ ಮುಂಚಿನ ಮೂರು ದಿನಗಳೊಳಗೆ ಆಗಮನದ ಡಿಜಿಟಲ್ ಪತ್ರ ತುಂಬಲೇಬೇಕು.

ಉತ್ತರ 2: ಸೋನಾಮಸೂರಿ (ಸಿಂಧನೂರು)

ತಂಗಿ, ನಿಮ್ಮ ತಾಯಿಯವರಿಗೆ ನಿಶ್ಚಿಂತೆಯಿಂದಿರಲು ಹೇಳಿ. ದಸರಾ ರಜೆ ಎಂದು ಬರೆದಿದ್ದೀರಲ್ಲ, ಸಸ್ಯಾಹಾರಿಗಳಿಗೆ ಪೆನಾಂಗಿನಲ್ಲಿ ಅದಕ್ಕಿಂತ ಒಳ್ಳೆಯ ಕಾಲ ಇರಲಾರದು. ಚೀನೀ ಪಂಚಾಂಗದ ಒಂಬತ್ತನೆಯ ತಿಂಗಳ ಮೊದಲ ಒಂಬತ್ತು ದಿನ ಅಲ್ಲಿನ ಚೀನೀಯರು ಒಂಬತ್ತು ಚಕ್ರವರ್ತಿ ದೇವರುಗಳ ಹಬ್ಬವನ್ನು ಆಚರಿಸುತ್ತಾರೆ. ಆ ದಿನಗಳಲ್ಲಿ ಭಕ್ತರು ಮಾಂಸ, ಮೀನು ಬಿಡುತ್ತಾರೆ. ರಸ್ತೆ ಬದಿಯಲ್ಲಿ ಹಳದಿ ಬಾವುಟ ಕಟ್ಟಿದ ಸಸ್ಯಾಹಾರದ ಗಾಡಿಗಳು ಸಾಲಾಗಿ ಎದ್ದುನಿಲ್ಲುತ್ತವೆ, ಇತರ ದಿನಗಳಲ್ಲಿ ಸೀಗಡಿ, ಹಂದಿಕೊಬ್ಬು ಇಲ್ಲದೆ ಸಿಗದ ತಿನಿಸುಗಳ ಸಸ್ಯಾಹಾರಿ ರೂಪಗಳೂ ಆಗ ಸಿಗುತ್ತವೆ. ಅವರ ತಿಂಗಳೂ ಅಮಾವಾಸ್ಯೆಯಿಂದಲೇ ಎಣಿಕೆಯಾಗುವುದರಿಂದ ಬಹಳಷ್ಟು ವರ್ಷ ಈ ಹಬ್ಬ ನಮ್ಮ ನವರಾತ್ರಿಯೊಂದಿಗೇ ಬರುತ್ತದೆ. ಅವರ ಅಧಿಕ ಮಾಸ, ನಮ್ಮ ಅಧಿಕ ಮಾಸ ಬೇರೆ ಬೇರೆ ಕಡೆ ಬಿದ್ದ ವರ್ಷ ಒಂದು ತಿಂಗಳ ಅಂತರವಾಗುತ್ತದೆ, ಹಾಗೆಯೇ ಆಗಿ 2025ರಲ್ಲಿ ಅದು ನವರಾತ್ರಿ ಮುಗಿದ ಮೇಲೆ ಅಕ್ಟೋಬರ್ ಕೊನೆಯ ಭಾಗಕ್ಕೆ ಬಂದಿತ್ತು. ಟಿಕೆಟ್ ತೆಗೆಯುವ ಮುನ್ನ ಆ ವರ್ಷದ ದಿನಾಂಕ ನೋಡಿಕೊಳ್ಳಿ.

ಹಬ್ಬದ ದಿನ ತಪ್ಪಿದರೂ ಚೀನೀ ಸಸ್ಯಾಹಾರದ ಅಂಗಡಿಗಳು ವರ್ಷವಿಡೀ ಇರುತ್ತವೆ. ಬೌದ್ಧ ಕ್ರಮದ ಅಡುಗೆಯಾದ್ದರಿಂದ ಅನೇಕ ಕಡೆ ಈರುಳ್ಳಿ, ಬೆಳ್ಳುಳ್ಳಿಯನ್ನೂ ಹಾಕುವುದಿಲ್ಲ. ಒಂದೇ ಎಚ್ಚರಿಕೆ: ಸೋಯಾ, ಗೋಧಿ ಅಂಟು, ಅಣಬೆಗಳಿಂದ ಬಾತುಕೋಳಿ, ಮೀನುಗಳ ಆಕಾರದಲ್ಲೇ ಮಾಡಿಟ್ಟಿರುತ್ತಾರೆ. ಅಮ್ಮನವರು ತಟ್ಟೆ ನೋಡಿ ಎದ್ದುಬಿಡುವ ಮೊದಲೇ ವಿವರಿಸಿಬಿಡಿ.

ಊರಿನ ಹೆಸರಾಂತ ತಿನಿಸುಗಳಲ್ಲಿ ಯಾವುದನ್ನು ಬಿಡಬೇಕು ಎಂಬುದನ್ನು ತಿಳಿದಿರಬೇಕು. ಚಾರ್ ಕ್ವೇ ಟಿಯೋ ಎಂಬುದು ಅಗಲ ಅಕ್ಕಿ ಶಾವಿಗೆಯನ್ನು ಕಾದ ಕಾವಲಿಯಲ್ಲಿ ಸೀಗಡಿ, ಚಿಪ್ಪುಮೀನು, ಮೊಟ್ಟೆಯೊಂದಿಗೆ ಹುರಿದದ್ದು, ಹಲವೆಡೆ ಹಂದಿಕೊಬ್ಬಿನಲ್ಲಿ. ಅಸಾಮ್ ಲಕ್ಸಾದ ಹುಳಿಸಾರು ಹುಣಸೆಹಣ್ಣಿನದ್ದೇ, ವಾಸನೆಯೂ ಸೆಳೆಯುತ್ತದೆ, ಆದರೆ ಅದರ ಮೈಯೆಲ್ಲ ಬಂಗುಡೆ ಮೀನು. ಇವೆರಡನ್ನೂ ತಮ್ಮನಿಗೆ ಬಿಡಿ. ಕಣ್ಣಿಗೆ ಕಾಣದ ಅಪಾಯ ಬೆಲಚಾನ್, ಹುದುಗಿಸಿದ ಸೀಗಡಿಯ ಮುದ್ದೆ. ಸೊಪ್ಪಿನ ಪಲ್ಯದಂತೆ ಕಾಣುವುದರಲ್ಲಿಯೂ ಅದು ಇರುತ್ತದೆ, ಹಣ್ಣು ತರಕಾರಿಯ ರೋಜಾಕ್‌ಗೆ ಸುರಿಯುವ ಕಪ್ಪು ಗೊಜ್ಜಿನಲ್ಲಿಯೂ ಸೀಗಡಿ ಇರುತ್ತದೆ. ‘ಸಾಯಾ ತಿಡಾಕ್ ಮಾಕಾನ್ ಡಾಗಿಂಗ್, ಇಕಾನ್, ಉಡಾಂಗ್, ತೆಲುರ್’ ಎಂಬ ಮಲಯ ವಾಕ್ಯವನ್ನು ಬಾಯಿಪಾಠ ಮಾಡಿ. ಮಾಂಸ, ಮೀನು, ಸೀಗಡಿ, ಮೊಟ್ಟೆ ತಿನ್ನುವುದಿಲ್ಲ ಎಂದರ್ಥ. ಕೊನೆಗೆ ಬೆಲಚಾನ್ ಬೇಡವೆಂದೂ ಸೇರಿಸಿ. ಸಸ್ಯಾಹಾರಿ ಎಂದಷ್ಟೇ ಹೇಳಿದರೆ ಒಣಸೀಗಡಿಯನ್ನು ಲೆಕ್ಕಕ್ಕೆ ಹಿಡಿಯದವರು ಇದ್ದಾರೆ.

ತಿನ್ನಬೇಕಾದವುಗಳಲ್ಲಿ ಮೊದಲನೆಯದು ಚೆಂಡೋಲ್. ಪಾಂಡನ್ ಎಲೆಯ ರಸದಿಂದ ಹಸಿರಾದ ಹಿಟ್ಟಿನ ಎಳೆಗಳು, ಕೆಂಪು ಕಾಳು, ತೆಂಗಿನ ಹಾಲು, ತಾಳೆಜಾತಿಯ ಮರದ ಬೆಲ್ಲದ ಪಾಕ, ಮೇಲೆ ತುರಿದ ಮಂಜುಗಡ್ಡೆ. ಪೆನಾಂಗ್ ರಸ್ತೆಗೆ ಸೇರುವ ಕೆಂಗ್ ಕ್ವೀ ಗಲ್ಲಿಯಲ್ಲಿ ಇದರ ಗಾಡಿಗಳ ಮುಂದೆ ಜನ ನಿಂತೇ ತಿನ್ನುತ್ತಾರೆ. ಲಿಟಲ್ ಇಂಡಿಯಾದ ತಮಿಳರ ಶುದ್ಧ ಸಸ್ಯಾಹಾರದ ಹೋಟೆಲುಗಳಲ್ಲಿ ಬಾಳೆಎಲೆ ಊಟ, ದೋಸೆ ಸಿಗುತ್ತವೆ. ಅಲ್ಲಿಯೇ 1833ರ ಮಹಾಮಾರಿಯಮ್ಮನ ಗುಡಿಯೂ ಇದೆ. ಪುಟು ಮಾಯಮ್ ಎಂದು ಮಾರುವುದು ನಮ್ಮ ಒತ್ತು ಶಾವಿಗೆಯಂಥದ್ದೇ, ಮೇಲೆ ಕಾಯಿತುರಿ ಮತ್ತು ಬೆಲ್ಲ. ಮೈದಾಹಿಟ್ಟಿನ ಪದರ ರೊಟ್ಟಿಯಾದ ರೋಟಿ ಚನಾಯ್ ಬೇಕೆನಿಸಿದರೆ ಹಿಟ್ಟಿಗೆ ಮೊಟ್ಟೆ ಹಾಕಿದ್ದಾರೆಯೇ ಎಂದು ಕೇಳಿ, ಬೇಳೆಸಾರನ್ನು ಮಾತ್ರ ಬಡಿಸಲು ಹೇಳಿ, ಏಕೆಂದರೆ ಮೀನಿನ ಸಾರನ್ನು ಬೆರೆಸಿ ಕೊಡುವುದೂ ಉಂಟು.

ಉತ್ತರ 3: ರಾಯಚೂರು ಕೋಟೆ (ರಾಯಚೂರು)

ಬಳ್ಳಾರಿಯ ಅಣ್ಣನವರ ಉತ್ತರಕ್ಕೆ ಒಂದು ತಕರಾರು ಸೇರಿಸುತ್ತೇನೆ. ಆ ಗೋಡೆಗಳ ಹಿಂದೆ ಯಾರಿದ್ದರು, ಈಗ ಯಾರಿದ್ದಾರೆ ಎಂಬ ಮಾತು ಅದರಲ್ಲಿ ಬರಲಿಲ್ಲ. ಮಲೇಷ್ಯಾದಲ್ಲಿ ಹಳೆಯ ಕಟ್ಟಡಗಳ ಬಾಡಿಗೆಯನ್ನು ಹಿಡಿತದಲ್ಲಿಟ್ಟಿದ್ದ ಕಾನೂನು 2000ದ ಜನವರಿಯಿಂದ ಇಲ್ಲವಾಯಿತು. ತಲೆಮಾರುಗಳಿಂದ ಕಡಿಮೆ ಬಾಡಿಗೆಗೆ ಬದುಕಿದ್ದ ಅನೇಕ ಕುಶಲಕರ್ಮಿಗಳೂ ಸಣ್ಣ ವ್ಯಾಪಾರಿಗಳೂ ಒಳಊರನ್ನು ಬಿಟ್ಟರು. 2008ರ ಬಳಿಕ ಅದೇ ಮನೆಗಳು ಹೋಟೆಲು, ಕೆಫೆಗಳಾಗತೊಡಗಿದವು, ನಾಲ್ಕು ವರ್ಷದ ನಂತರ ಬಂದ ಚಿತ್ರಗಳು ಜನರನ್ನು ಇನ್ನಷ್ಟು ಸೆಳೆದವು. ಮಕ್ಕಳು ಆಡುವ ಬೀದಿಯ ಚಿತ್ರ ನೋಡಲು ಹೋದವರಿಗೆ ಆ ಬೀದಿಯಲ್ಲಿ ಆಡುವ ಮಕ್ಕಳು ಸಿಗುವುದು ಅಪರೂಪ. ಚಿತ್ರಗಳೇ ಇದಕ್ಕೆ ಕಾರಣವೆಂದು ನಾನು ಹೇಳುತ್ತಿಲ್ಲ. ಅವು ಬರುವ ಹೊತ್ತಿಗೆ ಬದಲಾವಣೆ ಆಗಲೇ ಹೊರಟಿತ್ತು.

ಆದ್ದರಿಂದ ಕಡಲ ಮೇಲೆ ಕಂಬಗಳನ್ನು ಊರಿ ಕಟ್ಟಿದ ಚೀನೀ ಕುಲಗಳ ಕೇರಿಗಳಿಗೂ ಹೋಗಿ. ಚ್ಯೂ ಕುಲದ ಕೇರಿ ಅವುಗಳಲ್ಲಿ ದೊಡ್ಡದು. ಅಲ್ಲಿ ಇಂದಿಗೂ ಸಂಸಾರಗಳಿವೆ, ಹಾಗಾಗಿ ಮರದ ಹಲಗೆಯ ದಾರಿಯಲ್ಲಿ ನಡೆಯುವಾಗ ತೆರೆದ ಬಾಗಿಲೊಳಗೆ ಕ್ಯಾಮೆರಾ ಹಿಡಿಯಬಾರದು. ತಿನಿಸಿನ ಕಡೆಗೆ ಸರ್ಕಾರ ಸ್ವಲ್ಪ ಗಟ್ಟಿ ನಿಲುವು ತಳೆದಿದೆ: ಊರಿನ ಹೆಸರಾಂತ ತಿನಿಸುಗಳ ಗಾಡಿಗಳಲ್ಲಿ ವಿದೇಶಿ ಕೆಲಸಗಾರರು ಮುಖ್ಯ ಅಡುಗೆಯವರಾಗಿರಬಾರದು ಎಂಬ ನಿಯಮ 2016ರಿಂದ ಜಾರಿಗೆ ಬಂತು. ಅದು ನ್ಯಾಯವೇ ಎಂಬುದು ಬೇರೆ ಚರ್ಚೆ.

ಪ್ರಶ್ನೆ ಕೇಳಿದವರು: ಕಿನ್ನಾಳ ಕುಂಚ

ಮೂವರಿಗೂ ವಂದನೆಗಳು. ಹಬ್ಬದ ದಿನಾಂಕ ನೋಡಿಕೊಂಡೇ ಟಿಕೆಟ್ ತೆಗೆಯುತ್ತೇನೆ. ಸಿಂಧನೂರಿನ ಅಕ್ಕನವರಲ್ಲಿ ಇನ್ನೊಂದು ಸಂದೇಹ: ತಮ್ಮ ಚಾರ್ ಕ್ವೇ ಟಿಯೋ ತಿನ್ನುವ ಮೇಜಿನಲ್ಲೇ ನಾವಿಬ್ಬರೂ ಕುಳಿತು ನಮ್ಮದನ್ನು ತಿನ್ನಲು ಸಾಧ್ಯವೇ, ಅಥವಾ ಪ್ರತಿ ಹೊತ್ತೂ ಬೇರೆ ಬೇರೆ ಕಡೆ ಹೋಗಬೇಕೇ? ಅಮ್ಮನಿಗೆ ಎದುರಿನ ತಟ್ಟೆಯ ಬಗ್ಗೆ ತಕರಾರಿಲ್ಲ, ತನ್ನ ತಟ್ಟೆ ಶುದ್ಧವಾಗಿದ್ದರೆ ಸಾಕು.

ಉತ್ತರ 4: ಸೋನಾಮಸೂರಿ (ಸಿಂಧನೂರು)

ಸಾಧ್ಯವಿದೆ ತಂಗಿ. ಹಲವು ಗಾಡಿಗಳು ಸೇರಿರುವ ತಿಂಡಿ ಕಟ್ಟೆಗಳಲ್ಲಿ ಮೇಜುಗಳು ಎಲ್ಲರಿಗೂ ಸೇರಿದವು. ಒಬ್ಬೊಬ್ಬರು ಒಂದೊಂದು ಗಾಡಿಗೆ ಹೇಳಿ ಬಂದು ಕುಳಿತರೆ ಅವರೇ ತಂದುಕೊಡುತ್ತಾರೆ, ಮೇಜು ಇಟ್ಟ ಅಂಗಡಿಯಿಂದ ತಲೆಗೊಂದು ಪಾನೀಯ ಕೊಳ್ಳುವುದು ಅಲ್ಲಿನ ಪದ್ಧತಿ. ಸಸ್ಯಾಹಾರದ ಗಾಡಿ ಇರುವ ಕಟ್ಟೆಯನ್ನೇ ಮೊದಲು ಹುಡುಕಿಕೊಂಡರೆ ತಮ್ಮನದ್ದು ತಾನಾಗಿಯೇ ಸಿಗುತ್ತದೆ. ಆದರೆ ಒಂದು ಕಡೆ ಕಟ್ಟಿಸಿಕೊಂಡದ್ದನ್ನು ಇನ್ನೊಂದು ಹೋಟೆಲಿಗೆ ಒಯ್ದು ಬಿಚ್ಚಬೇಡಿ. ಮುಸ್ಲಿಮರ ಹೋಟೆಲುಗಳಿಗೆ ಹಂದಿಕೊಬ್ಬಿನ ತಿನಿಸು ಹೋಗಲೇಬಾರದು, ಚೀನೀ ಸಸ್ಯಾಹಾರದ ಅಂಗಡಿಯೊಳಗೆ ಯಾವ ಮಾಂಸವೂ ಹೋಗಬಾರದು. ತಮ್ಮನಿಗೆ ನಾಸಿ ಕಂದರ್ ಬೇಕಾದರೆ ಮಾತ್ರ ಬೇರೆ ಹೊತ್ತು ಇಟ್ಟುಕೊಳ್ಳಿ. ಹಿಂದೆ ತಮಿಳು ಮುಸ್ಲಿಮರು ಕಾವಡಿಯಲ್ಲಿ ಹೊತ್ತು ಬಂದರಿನ ಕೂಲಿಯವರಿಗೆ ಮಾರುತ್ತಿದ್ದ ಅನ್ನ ಮತ್ತು ಮಾಂಸದ ಸಾರುಗಳ ಊಟವದು. ಅನ್ನದ ಮೇಲೆ ನಾಲ್ಕಾರು ಸಾರುಗಳನ್ನು ಒಂದರ ಮೇಲೊಂದು ಸುರಿಯುವುದೇ ಅದರ ಕ್ರಮವಾದ್ದರಿಂದ, ಅಲ್ಲಿ ತರಕಾರಿ ಮಾತ್ರ ಕೇಳಿದರೂ ಸೌಟು ಬೇರೆ ಇರುತ್ತದೆಂಬ ಭರವಸೆ ಇಲ್ಲ.