ಹಿಮ ಬೀಳದೆಯೂ ಹಿಮಬಿರುಗಾಳಿ ಆಗುವುದುಂಟಾ?

ಬದಿಯಡ್ಕ ಮಾಷ್ಟ್ರು: ಒಂಬತ್ತನೇ ಕ್ಲಾಸಿಗೆ ವಾಯುಭಾರದ ಪಾಠ ಮಾಡಲಿಕ್ಕುಂಟು. ಹಿಮಪಾತ ಜೋರಾದರೆ ಅದೇ ಹಿಮಬಿರುಗಾಳಿ ಅಂದರೆ ಸರಿಯಾ? ಮಕ್ಕಳು ಆಟಿಯ ಗಾಳಿಮಳೆ ಕಂಡವರು, ಹಿಮ ಕಂಡದ್ದು ಫೋಟೋದಲ್ಲಿ ಮಾತ್ರ. ಅದು ಹುಟ್ಟುವುದು ಹೇಗೆ, ಜನ ಸಾಯುವುದು ಯಾಕೆ, ಎರಡನ್ನೂ ತಪ್ಪಿಲ್ಲದೆ ಹೇಳಬೇಕು.

ಪಯಸ್ವಿನಿ: ಸರಿಯಲ್ಲ ಮಾಷ್ಟ್ರೇ. ಅಲ್ಲಿ ಲೆಕ್ಕಕ್ಕೆ ಬರುವುದು ಗಾಳಿ. ಅಮೆರಿಕದ ಹವಾಮಾನ ಸೇವೆಯ ಪ್ರಕಾರ ಗಾಳಿ ಗಂಟೆಗೆ 56 ಕಿ.ಮೀ. ಮುಟ್ಟಬೇಕು, ಹಿಮದ ಪುಡಿಯಿಂದಾಗಿ 400 ಮೀಟರ್ ಆಚೆಗಿನದು ಕಾಣಬಾರದು, ಇದು 3 ಗಂಟೆಯಾದರೂ ನಿಲ್ಲಬೇಕು. ಇಷ್ಟು ಇಂಚು ಹಿಮ ಬೀಳಬೇಕು ಅಂತ ಇಲ್ಲವೇ ಇಲ್ಲ. 1977ರ ಜನವರಿಯಲ್ಲಿ ಬಫಲೋ ನಗರವನ್ನು ಹೂತದ್ದು ಬಹುಪಾಲು ಹಳೆಯ ಹಿಮ. ಹೆಪ್ಪುಗಟ್ಟಿದ ಈರಿ ಸರೋವರದ ಮೇಲೆ ಬಿದ್ದುಕೊಂಡಿದ್ದ ಪುಡಿಯನ್ನು ಗಾಳಿ ಎತ್ತಿ ಊರಿಗೆ ತಂದು ಸುರಿಯಿತು.

ಹುಟ್ಟುವ ಬಗೆ ಹೇಳುವಾಗ ಭೂಪಟ ಬಿಡಿಸಿಡಿ. ನಮಗೆ ಉತ್ತರದ ಚಳಿಗಾಳಿಯನ್ನು ಹಿಮಾಲಯ ತಡೆಯುತ್ತದೆ. ಉತ್ತರ ಅಮೆರಿಕದಲ್ಲಿ ರಾಕಿ ಪರ್ವತ ಉತ್ತರ–ದಕ್ಷಿಣವಾಗಿ ಮಲಗಿದೆ. ಹಾಗಾಗಿ ಧ್ರುವದ ಒಣ ಚಳಿಗಾಳಿ ನಡುಬಯಲಿಗೆ ಇಳಿಯುತ್ತದೆ, ಮೆಕ್ಸಿಕೋ ಕೊಲ್ಲಿಯ ಬೆಚ್ಚನೆಯ ತೇವದ ಗಾಳಿ ಮೇಲಕ್ಕೆ ಬರುತ್ತದೆ. ಎರಡೂ ಎದುರಾದಲ್ಲಿ ಹಗುರವಾದ ಬಿಸಿಗಾಳಿ ಚಳಿಗಾಳಿಯ ಮೇಲೆ ಹತ್ತುತ್ತದೆ. ಅದರಲ್ಲಿನ ತೇವ ಹಿಮವಾಗುತ್ತದೆ. ಬಹಳ ಎತ್ತರದಲ್ಲಿ ಜೋರಾಗಿ ಬೀಸುವ ಜೆಟ್ ಗಾಳಿ ಮೇಲಿನ ಗಾಳಿಯನ್ನು ಎಳೆದೊಯ್ದಷ್ಟೂ ಕೆಳಗೆ ವಾಯುಭಾರ ಕುಸಿಯುತ್ತದೆ. ಭೂಪಟದಲ್ಲಿ ಸಮಭಾರ ರೇಖೆಗಳು, ಅಂದರೆ ಒಂದೇ ವಾಯುಭಾರದ ಜಾಗಗಳನ್ನು ಸೇರಿಸುವ ಗೆರೆಗಳು, ಒತ್ತೊತ್ತಾಗಿ ಬಂದವು ಅಂದರೆ ಬಿರುಗಾಳಿ ಖಂಡಿತ.

ಅರಬ್ಬಿ ಸಮುದ್ರದ ಚಂಡಮಾರುತದ ಹಾಗೆ ಅಂತ ಮಾತ್ರ ಹೇಳಬೇಡಿ. ಅದಕ್ಕೆ ಬಲ ಕೊಡುವುದು ಕಡಲಿನ ಬಿಸಿ. ಇದಕ್ಕೆ ಬಲ ಎರಡು ಗಾಳಿಗಳ ನಡುವಿನ ಉಷ್ಣತೆಯ ಅಂತರ, ಆದ್ದರಿಂದ ನೆಲದ ಮೇಲೆಯೂ ಬೆಳೆಯುತ್ತದೆ.

ಎಣ್ಮಕಜೆ: ಸಾವಿನ ವಿಷಯಕ್ಕೆ ಬರುತ್ತೇನೆ. ಮೈ ಸುತ್ತ ಇರುವ ಬೆಚ್ಚನೆಯ ಗಾಳಿಪದರವನ್ನು ಬಿರುಗಾಳಿ ಕಿತ್ತೊಯ್ಯುತ್ತದೆ. ಮೈನಸ್ 20 ಡಿಗ್ರಿಯಲ್ಲಿ ಗಂಟೆಗೆ 50 ಕಿ.ಮೀ. ಗಾಳಿ ಇದ್ದರೆ ಚರ್ಮಕ್ಕೆ ಅದು ಮೈನಸ್ 35ರಷ್ಟು. ತೆರೆದ ಬೆರಳು, ಕಿವಿ, ಮೂಗು ಅರ್ಧ ಗಂಟೆಯೊಳಗೆ ಹೆಪ್ಪುಗಟ್ಟಬಹುದು. ದೇಹದ ಉಷ್ಣತೆ 35ರ ಕೆಳಗಿಳಿದರೆ ಬುದ್ಧಿ ಮಂಕಾಗುತ್ತದೆ. ಜೊತೆಗೆ ನೆಲ, ಆಕಾಶ ಎಲ್ಲ ಒಂದೇ ಬಿಳಿ, ದಿಕ್ಕೇ ತಿಳಿಯುವುದಿಲ್ಲ. 1888ರ ಜನವರಿ 12ರಂದು ಅಮೆರಿಕದ ಬಯಲಿನಲ್ಲಿ ಬೆಳಿಗ್ಗೆ ಹವೆ ಹಿತವಾಗಿತ್ತು, ಮಕ್ಕಳು ದಪ್ಪ ಬಟ್ಟೆಯಿಲ್ಲದೆ ಶಾಲೆಗೆ ಹೋಗಿದ್ದರು. ಆಮೇಲೆ ಏಕಾಏಕಿ ಎರಗಿದ ಹಿಮಬಿರುಗಾಳಿಗೆ ಇನ್ನೂರಕ್ಕೂ ಹೆಚ್ಚು ಜನ ಸತ್ತರು, ಅವರಲ್ಲಿ ಎಷ್ಟೋ ಮಂದಿ ಮನೆಗೆ ಹೊರಟ ಮಕ್ಕಳು. ಇದನ್ನು ಕ್ಲಾಸಿನಲ್ಲಿ ಹೇಳಲೇಬೇಕು.

ಬದಿಯಡ್ಕ ಮಾಷ್ಟ್ರು: ಕಾರಿನೊಳಗೆ ಕೂತವರೂ ಸಾಯುತ್ತಾರಲ್ಲ, ಅದು ಹೇಗೆ?

ಎಣ್ಮಕಜೆ: ಸೈಲೆನ್ಸರ್ ಪೈಪಿನ ಬಾಯಿಗೆ ಹಿಮ ಕಟ್ಟುತ್ತದೆ. ಹೀಟರಿಗಾಗಿ ಇಂಜಿನ್ ಓಡುತ್ತಿದ್ದರೆ ಕಾರ್ಬನ್ ಮೊನಾಕ್ಸೈಡ್ ಒಳಗೆ ಬರುತ್ತದೆ. ಅದಕ್ಕೆ ವಾಸನೆಯಿಲ್ಲ. ಮೊದಲು ಪೈಪು ಬಿಡಿಸಬೇಕು. ಗಂಟೆಗೆ ಹತ್ತೇ ನಿಮಿಷ ಇಂಜಿನ್, ಆಗ ಗಾಳಿ ಹೊಡೆಯದ ಬದಿಯ ಕಿಟಕಿ ಒಂದಿಷ್ಟು ತೆರೆದಿರಬೇಕು. ಕಾರು ಬಿಟ್ಟು ನಡೆದು ಹೋಗಬಾರದು.

ಪಯಸ್ವಿನಿ: ಇನ್ನೊಂದು, ಹೆಪ್ಪುಗಟ್ಟಿದ ಬೆರಳನ್ನು ತಿಕ್ಕಬಾರದು, ಒಳಗಿನ ಮಾಂಸ ಹರಿಯುತ್ತದೆ. ಪುನಃ ಚಳಿಗೆ ಒಡ್ಡುವ ಭಯ ಇಲ್ಲದಿದ್ದರೆ ಮಾತ್ರ, 37ರಿಂದ 39 ಡಿಗ್ರಿಯ ನೀರಿನಲ್ಲಿ ಅದ್ದಿಡಬೇಕು.