ಬೆಂಗಳೂರಿನಲ್ಲಿ ಮದುವೆಗೆ ಯಾವ ಹಾಲ್? ಆಯೋಜಕಿಗೆ ಕೇಳಿ

ಆಯೋಜಕಿ: ಮದುವೆ ಮಾಡಿಸುವುದೇ ನನ್ನ ಕೆಲಸ. ಇವತ್ತು ಸಂಜೆ ಗುಂಪಿನಲ್ಲಿ ಇರುತ್ತೇನೆ, ಕೇಳಿ. ಎಷ್ಟು ಜನ, ಮುಹೂರ್ತ ಎಷ್ಟು ಗಂಟೆಗೆ, ನೆಂಟರು ಯಾವ ಕಡೆಯಿಂದ ಬರುತ್ತಾರೆ, ಈ ಮೂರನ್ನೂ ಬರೆಯಿರಿ. ಸುಮ್ನೆ "ಒಳ್ಳೆ ಹಾಲ್ ಯಾವುದು" ಅಂತ ಕೇಳಿದರೆ ನಾನು ಏನೂ ಹೇಳಲು ಆಗುವುದಿಲ್ಲ.

ರಾಜಾಜಿನಗರದ ತಂದೆ: ನಮಸ್ಕಾರ ಮೇಡಂ. ಮಗಳ ಮದುವೆ. ಶನಿವಾರ ಸಂಜೆ ರಿಸೆಪ್ಷನ್, ಭಾನುವಾರ ಬೆಳಿಗ್ಗೆ 6.15ಕ್ಕೆ ಮುಹೂರ್ತ. ಸುಮಾರು 900 ಜನ. ಬೀಗರು ತುಮಕೂರಿನವರು, ನಮ್ಮವರೆಲ್ಲ ಹಾಸನದ ಕಡೆ. ಮನೆ ಹತ್ತಿರದ ಹಾಲ್ 4 ಲಕ್ಷ, 1,000 ಕುರ್ಚಿ, ಊಟಕ್ಕೆ ಒಮ್ಮೆಗೆ 200 ಜನ. ನೆಲಮಂಗಲ ದಾಟಿದ ಮೇಲೆ ಇನ್ನೊಂದಿದೆ, ಬಾಡಿಗೆ ಕಡಿಮೆ, ಊಟಕ್ಕೆ 450 ಜನ ಕೂರಬಹುದು. ಮನೆಯವರಿಗೆ ಹತ್ತಿರದ್ದೇ ಇಷ್ಟ.

ಆಯೋಜಕಿ: ನಮಸ್ಕಾರ. ಕುರ್ಚಿ ಎಣಿಸಬೇಡಿ, ಎಲೆ ಎಣಿಸಿ. 900 ಜನಕ್ಕೆ 200 ಎಲೆ ಅಂದರೆ ಐದು ಪಂಕ್ತಿ. ಕೂರಿಸಿ, ಬಡಿಸಿ, ಎಬ್ಬಿಸಿ, ಎಲೆ ತೆಗೆದು ಒರೆಸಿ ಮತ್ತೆ ಕೂರಿಸುವುದಕ್ಕೆ ಮುಕ್ಕಾಲು ಗಂಟೆ ಹಿಡಿಯಿರಿ. ಏಳೂವರೆಗೆ ಶುರುವಾದರೆ ಕೊನೆಯ ಪಂಕ್ತಿ ಏಳುವಾಗ ಹನ್ನೊಂದೂ ಕಾಲು. ಮನೆಯವರು ಊಟ ಮಾಡುವುದು ಆ ಕೊನೆಯ ಪಂಕ್ತಿಯಲ್ಲೇ ಅಲ್ವಾ? ಮದುಮಗಳು ಬೆಳಗಿನ ಜಾವ ನಾಲ್ಕಕ್ಕೆ ಏಳಬೇಕು. 450 ಎಲೆ ಇದ್ದರೆ ಎರಡೇ ಪಂಕ್ತಿ. ಅದೂ ಅಲ್ಲದೆ ತುಮಕೂರಿನ ರಸ್ತೆ, ಹಾಸನದ ರಸ್ತೆ ಎರಡೂ ನೆಲಮಂಗಲದಲ್ಲೇ ಸೇರುತ್ತವೆ, ನಿಮ್ಮ ನೆಂಟರು ಊರೊಳಗೆ ಬರುವುದೇ ಬೇಡ. ಕಷ್ಟ ಆಗುವುದು ಬೆಂಗಳೂರಿನವರಿಗೆ, ಶನಿವಾರ ಸಂಜೆ ತುಮಕೂರು ರಸ್ತೆಯಲ್ಲಿ ಗಾಡಿ ಹೋಗುವುದಿಲ್ಲ. ಮೆಟ್ರೊ ಮಾದಾವರದವರೆಗೆ ಇದೆ, ಅಲ್ಲಿಂದ ಎರಡು ಮಿನಿ ಬಸ್ ಓಡಿಸಿ. ಆ 4 ಲಕ್ಷಕ್ಕೆ ಜಿಎಸ್‌ಟಿ ಸೇರಿದೆಯಾ ಕೇಳಿ. ಹಾಲ್ ಬಾಡಿಗೆಗೆ 18%, ಅಂದರೆ ಇನ್ನೂ 72,000. ನಾನಾದರೆ ನೆಲಮಂಗಲ.

ಹೊಸ ಸದಸ್ಯ: ಪ್ಯಾಲೇಸ್ ಗ್ರೌಂಡ್ಸ್ ಹೇಗೆ?

ಆಯೋಜಕಿ: ಎಷ್ಟು ಜನ?

ಹೊಸ ಸದಸ್ಯ: ಇನ್ನೂ ಪಟ್ಟಿ ಮಾಡಿಲ್ಲ.

ಆಯೋಜಕಿ: ಪಟ್ಟಿ ಮಾಡಿ ಬನ್ನಿ. ಬಳ್ಳಾರಿ ರಸ್ತೆಯಲ್ಲಿ ವಿಮಾನ ನಿಲ್ದಾಣಕ್ಕೆ ಹೋಗುವವರೂ ನಿಮ್ಮ ಅತಿಥಿಗಳೂ ಸಂಜೆ ಒಟ್ಟಿಗೇ ಇರುತ್ತಾರೆ, ಮೇಖ್ರಿ ವೃತ್ತದಲ್ಲಿ ನಿಂತು ಒಮ್ಮೆ ನೋಡಿ.

ಮಗನ ಮದುವೆ 2026: ಮೇಡಂ, ಹೊರಗಿನ ಅಡುಗೆಯವರನ್ನು ಹಾಲ್‌ನವರು ಬಿಡುವುದಿಲ್ಲ ಅನ್ನುತ್ತಿದ್ದಾರೆ. ನಮ್ಮ ಭಟ್ಟರೇ ಬೇಕು. ಏನು ಮಾಡುವುದು?

ವಿಜಯನಗರ: ಎಲ್ಲರಿಗೂ ಉಪಯೋಗ ಆಗಲಿ ಅಂತ ಬಂದಿದ್ದನ್ನು ಫಾರ್ವರ್ಡ್ ಮಾಡುತ್ತಿದ್ದೇನೆ. "ಹಾಲ್ ಬುಕ್ ಮಾಡುವಾಗ ಮದುವೆ ಅನ್ನಬೇಡಿ, ನಾಮಕರಣ ಅನ್ನಿ, ಬಾಡಿಗೆ ಅರ್ಧ. ಪೂರ್ತಿ ನಗದು ಕೊಡಿ, ಜಿಎಸ್‌ಟಿ ಉಳಿಯುತ್ತದೆ. ಹತ್ತು ಜನಕ್ಕೆ ಕಳಿಸಿ."

ಆಯೋಜಕಿ: ಇದನ್ನು ಯಾರಿಗೂ ಕಳಿಸಬೇಡಿ. ಬುಕಿಂಗ್ ಪತ್ರದಲ್ಲಿ ಯಾವ ಸಮಾರಂಭ ಅಂತ ಬರೆಸಿಕೊಳ್ಳುತ್ತಾರೆ. ಅವತ್ತು ಬೆಳಿಗ್ಗೆ ವಾಲಗದವರು ಬಂದು ಕೂತ ಮೇಲೆ ಮ್ಯಾನೇಜರ್ ಬಾಗಿಲಲ್ಲಿ ನಿಂತು ಬಾಕಿ ಹಣ ಕೇಳಿದರೆ, ಮದುಮಗನನ್ನು ರಸ್ತೆಯಲ್ಲಿ ನಿಲ್ಲಿಸಿಕೊಂಡು ಚೌಕಾಶಿ ಮಾಡುತ್ತೀರಾ? ಇನ್ನು ನಗದು. ಒಂದು ಸಮಾರಂಭಕ್ಕೆ ಒಬ್ಬರಿಂದ 2 ಲಕ್ಷ ಅಥವಾ ಅದಕ್ಕಿಂತ ಜಾಸ್ತಿ ನಗದು ತೆಗೆದುಕೊಳ್ಳುವಂತಿಲ್ಲ ಅಂತ ಆದಾಯ ತೆರಿಗೆ ಕಾನೂನಿನಲ್ಲಿ 2017ರಿಂದಲೇ ಇದೆ. ದಂಡ ತೆಗೆದುಕೊಂಡವರಿಗೆ ಬೀಳುತ್ತದೆ, ನಿಜ. ಆದರೆ ರಸೀದಿ ಇಲ್ಲದೆ ಅಡ್ವಾನ್ಸ್ ಕೊಟ್ಟು, ಆಮೇಲೆ ದಿನಾಂಕ ಬೇರೆಯವರಿಗೆ ಹೋದರೆ ನಿಮ್ಮ ಕೈಯಲ್ಲಿ ಏನಿರುತ್ತದೆ?

ವಿಜಯನಗರ: ಬಂದಿದ್ದನ್ನು ಹಾಕಿದೆ ಅಷ್ಟೇ. ಇಷ್ಟು ಗರಂ ಆಗಬೇಕಾಗಿಲ್ಲ.

ಜಯನಗರದ ಅಕ್ಕ: ಮೇಡಂ, ತಮ್ಮನ ಮದುವೆ. 600 ಜನ. ಜಯನಗರದ ಕಡೆ ಒಂದು ಹಾಲ್ ತುಂಬಾ ಚೆನ್ನಾಗಿದೆ, ವೇದಿಕೆ, ಎಸಿ ಎಲ್ಲ ಹೊಸದು, ಮೆಟ್ರೊ ಹತ್ತಿರ. ಊಟದ ಹಾಲ್ ಮಾತ್ರ ನೆಲಮಾಳಿಗೆಯಲ್ಲಿದೆ. ಅಡುಗೆಮನೆಯೂ ಅಲ್ಲೇ, ಅದರ ಹಿಂದೆ. ಇಳಿಯುವುದಕ್ಕೆ ಒಂದು ಮೆಟ್ಟಿಲು, ಒಂದು ಲಿಫ್ಟ್. ಅಜ್ಜಿಗೆ 84, ವೀಲ್‌ಚೇರ್. ಓನರ್ ಇದುವರೆಗೆ ಏನೂ ತೊಂದರೆ ಆಗಿಲ್ಲ ಅಂದರು. ನಾಳೆ 50,000 ಅಡ್ವಾನ್ಸ್ ಕೊಡದಿದ್ದರೆ ಬೇರೆಯವರಿಗೆ ಕೊಡುತ್ತಾರಂತೆ.

ಆಯೋಜಕಿ: ದಯವಿಟ್ಟು ದುಡ್ಡು ಕೊಡಬೇಡಿ, ಮೊದಲು ಇದನ್ನು ಓದಿ. ಅಡುಗೆ ಗ್ಯಾಸ್ ಗಾಳಿಗಿಂತ ಭಾರ. ಸೋರಿದರೆ ಮೇಲೆ ಹೋಗುವುದಿಲ್ಲ, ಕೆಳಗಿಳಿದು ತಗ್ಗಿನಲ್ಲಿ ನಿಲ್ಲುತ್ತದೆ. ನೆಲಮಾಳಿಗೆಗಿಂತ ತಗ್ಗು ಯಾವುದಿದೆ? ಅಲ್ಲಿ ದೊಡ್ಡ ಒಲೆಗಳು ಬೆಳಗಿನ ಜಾವ ಮೂರರಿಂದ ಉರಿಯುತ್ತಿರುತ್ತವೆ.

ಈಗ ಮಧ್ಯಾಹ್ನ ಹನ್ನೆರಡೂವರೆಗೆ ಆ ಮೆಟ್ಟಿಲು ಹೇಗಿರುತ್ತದೆ ಅಂತ ಯೋಚಿಸಿ. ಮೊದಲ ಪಂಕ್ತಿ ಎದ್ದು ಮೇಲೆ ಬರುತ್ತಿದೆ. ಎರಡನೇ ಪಂಕ್ತಿಯವರು ಜಾಗ ಸಿಗಲಿ ಅಂತ ಮೆಟ್ಟಿಲ ಮೇಲೇ ನಿಂತಿದ್ದಾರೆ, ಕಂಕುಳಲ್ಲಿ ಮಗು, ಕೈಯಲ್ಲಿ ತಾಂಬೂಲದ ಚೀಲ, ರೇಷ್ಮೆ ಸೀರೆಯ ನೆರಿಗೆ ಕಾಲಿಗೆ ಸಿಕ್ಕುತ್ತಿದೆ. ಅದೇ ಮೆಟ್ಟಿಲಲ್ಲಿ ಒಬ್ಬ ಹುಡುಗ ಎಂಜಲೆಲೆಯ ಡ್ರಮ್ ಹೊತ್ತು ಬರುತ್ತಿದ್ದಾನೆ. ಆಗ ಕೆಳಗೆ ಹೊಗೆ ಬಂದರೆ ಯಾರು ಎಲ್ಲಿಗೆ ಹೋಗುತ್ತಾರೆ? ಬೆಂಕಿ ಬಿದ್ದಾಗ ಲಿಫ್ಟ್ ಹತ್ತಬಾರದು. ನಿಮ್ಮ ಅಜ್ಜಿ ಕೆಳಗೇ ಉಳಿಯುತ್ತಾರೆ.

ಇನ್ನೊಂದು ಬಾಗಿಲು ಇದೆಯಾ ಕೇಳಿ. ಬಹಳ ಕಡೆ ಇರುತ್ತದೆ, ಅಡುಗೆಮನೆಯ ಹಿಂದೆ. ಆದರೆ ಅದಕ್ಕೆ ಅಡ್ಡ ಮುರಿದ ಕುರ್ಚಿ, ಈರುಳ್ಳಿ ಮೂಟೆ ಪೇರಿಸಿರುತ್ತಾರೆ. ಕರೆಯದವರು ಊಟಕ್ಕೆ ನುಗ್ಗುತ್ತಾರೆ ಅಂತ ಹೊರಗಿನಿಂದ ಬೀಗ ಹಾಕಿರುತ್ತಾರೆ. ಅದನ್ನು ನಿಮ್ಮ ಎದುರಿಗೇ ತೆಗೆಸಿ, ಅಲ್ಲಿಂದ ರಸ್ತೆಯವರೆಗೆ ನೀವೇ ನಡೆದು ನೋಡಿ. ಸಿಲಿಂಡರ್‌ಗಳು ಹೊರಗೆ ನೆಲದ ಮಟ್ಟದಲ್ಲಿದ್ದು ಪೈಪ್‌ನಲ್ಲಿ ಗ್ಯಾಸ್ ಬರುತ್ತದಾ, ಇಲ್ಲ ಒಲೆ ಪಕ್ಕದಲ್ಲೇ ಇಟ್ಟಿದ್ದಾರಾ ನೋಡಿ. ಅಗ್ನಿಶಾಮಕ ಇಲಾಖೆಯ ಪತ್ರ ಕೇಳಿ, ಅದರಲ್ಲಿ ನೆಲಮಾಳಿಗೆ ಯಾವುದಕ್ಕೆ ಅಂತ ಬರೆದಿದೆ ಓದಿ, ಪಾರ್ಕಿಂಗ್‌ಗೆ ಅಂತ ಇದ್ದರೆ ಅಲ್ಲಿಗೇ ಮುಗಿಯಿತು. ಖಾಲಿ ಹಾಲ್ ನೋಡಿ ಒಪ್ಪಬೇಡಿ, ಬೇರೆ ಯಾರದ್ದಾದರೂ ಮದುವೆ ಇರುವ ದಿನ ಊಟದ ಹೊತ್ತಿಗೆ ಹೋಗಿ ನಿಂತುಕೊಳ್ಳಿ. ಏನೂ ಆಗಿಲ್ಲ ಅನ್ನುವುದು ಉತ್ತರ ಅಲ್ಲ.

ವೈಟ್‌ಫೀಲ್ಡ್: ಬುಫೆ ಮಾಡಿದರೆ ಈ ಪಂಕ್ತಿ, ಮೆಟ್ಟಿಲು ಯಾವ ಸಮಸ್ಯೆಯೂ ಇಲ್ಲ. ಇನ್ನೂ ಎಷ್ಟು ದಿನ ಎಲೆ ಹಾಕಿ ಕೂರಿಸುತ್ತೀರಿ?

ಬಸವನಗುಡಿ: ತಟ್ಟೆ ಹಿಡಿದು ಕ್ಯೂ ನಿಲ್ಲಿಸುವುದು ಮದುವೆ ಊಟವಾ? ಬಂದವರನ್ನು ಕೂರಿಸಿ, ಇನ್ನೊಂದು ಹೋಳಿಗೆ ಹಾಕಿಸಿಕೊಳ್ಳಿ ಅಂತ ಕೇಳುವುದೇ ಮರ್ಯಾದೆ.

ವೈಟ್‌ಫೀಲ್ಡ್: ಆ ಮರ್ಯಾದೆಗೆ ಊಟದಿಂದ ಇನ್ನೂ ಏಳದವರ ಕುರ್ಚಿ ಹಿಂದೆ ನಾನು ಅರ್ಧ ಗಂಟೆ ನಿಲ್ಲಬೇಕು.

ಬಸವನಗುಡಿ: ನಿಲ್ಲಲು ಆಗದಿದ್ದರೆ ಬರಬೇಡಿ.

ಮಗನ ಮದುವೆ 2026: ಹೊರಗಿನ ಅಡುಗೆಯವರ ಬಗ್ಗೆ ಕೇಳಿದ್ದೆ ಮೇಡಂ.

ಹೆಣ್ಣಿನ ಕಡೆ: ಊಟದ ವಿಷಯ ಬಿಡಿ, ಹಾಲ್ ಬಾಡಿಗೆ ಎಲ್ಲ ಹೆಣ್ಣಿನವರೇ ಯಾಕೆ ಕೊಡಬೇಕು ಅದನ್ನು ಮಾತಾಡಿ.

ಬಸವನಗುಡಿ: ಅದು ಎರಡು ಮನೆಯವರು ಕೂತು ಮಾಡಿಕೊಳ್ಳುವ ಮಾತು.

ಹೆಣ್ಣಿನ ಕಡೆ: ನಮ್ಮ ಮನೆಯಲ್ಲಿ ಕೂತು ಮಾತಾಡಿದವರು ನೀವಲ್ಲ. ಸಾಲ ತೀರಿಸುತ್ತಿರುವುದು ನಮ್ಮ ಅಪ್ಪ.

ಆಯೋಜಕಿ: ಇದು ದೊಡ್ಡ ವಿಷಯ, ಇಲ್ಲಿ ಮುಗಿಯುವುದಿಲ್ಲ. ಎಲೆಯೋ ಬುಫೆಯೋ ಅನ್ನುವುದೂ ಸಾಕು.

ಕನಕಪುರ ರಸ್ತೆ: ಹಾಯ್. ಮೇ ಮೊದಲ ವಾರ, ಕನಕಪುರ ರಸ್ತೆಯ ರೆಸಾರ್ಟ್‌ನಲ್ಲಿ ಲಾನ್ ಮೇಲೆ ರಿಸೆಪ್ಷನ್, 400 ಜನ. ಹನ್ನೊಂದೂವರೆವರೆಗೆ ಡಿಜೆ ಇರುತ್ತೆ ಅಂದಿದ್ದಾರೆ. ಮಳೆ ಬಂದರೆ?

ವಿಜಯನಗರ: ಲಾನ್‌ನ ಮೂಲೆಯಲ್ಲಿ ಕಲ್ಲುಪ್ಪಿನ ಗಂಟು ಹೂತಿಡಿ, ಮಳೆ ತಿರುಗಿ ಹೋಗುತ್ತದೆ. ಗುಂಪಿನಲ್ಲಿ ಬಂದಿತ್ತು.

ಆಯೋಜಕಿ: ಉಪ್ಪು ಹೂತರೆ ಹುಲ್ಲು ಸಾಯುತ್ತದೆ, ರೆಸಾರ್ಟ್‌ನವರು ಡೆಪಾಸಿಟ್ ಹಿಡಿದುಕೊಳ್ಳುತ್ತಾರೆ. ಇಂಥದ್ದನ್ನು ನಂಬಿ ಶಾಮಿಯಾನ ಬಿಟ್ಟವರು 400 ಜನರನ್ನು ಎಲ್ಲಿ ನಿಲ್ಲಿಸುತ್ತಾರೆ? ದಯವಿಟ್ಟು ಇನ್ನು ಫಾರ್ವರ್ಡ್ ಹಾಕಬೇಡಿ. ಕನಕಪುರ ರಸ್ತೆಯವರೇ, ಬೆಂಗಳೂರಿನಲ್ಲಿ ಮೇ ತಿಂಗಳ ಮಳೆ ಸಂಜೆಯೇ ಬರುವುದು, ಗುಡುಗು ಗಾಳಿ ಸಮೇತ. 400 ಜನ ಹಿಡಿಯುವ ಮುಚ್ಚಿದ ಹಾಲ್ ಅದೇ ಜಾಗದಲ್ಲಿ ಇದ್ದು, ಅದು ಅವತ್ತು ಬೇರೆಯವರಿಗೆ ಕೊಟ್ಟಿರದಿದ್ದರೆ ಮಾತ್ರ ಮುಂದೆ ಹೋಗಿ. ಬಯಲಿನಲ್ಲಿ ಧ್ವನಿವರ್ಧಕ ರಾತ್ರಿ ಹತ್ತಕ್ಕೆ ನಿಲ್ಲಬೇಕು, ಹನ್ನೊಂದೂವರೆ ಅಂದವರು ಪೊಲೀಸರು ಬಂದಾಗ ನಿಮ್ಮನ್ನೇ ಮುಂದೆ ಬಿಡುತ್ತಾರೆ. ಬೇಗ ತೀರ್ಮಾನ ಮಾಡಿ, 2026ರಲ್ಲಿ ಮೇ 17ರಿಂದ ಜೂನ್ 15ರವರೆಗೆ ಅಧಿಕ ಜ್ಯೇಷ್ಠ, ಅಧಿಕ ಮಾಸದಲ್ಲಿ ಮದುವೆ ಇಟ್ಟುಕೊಳ್ಳುವುದಿಲ್ಲ, ಅದಕ್ಕೇ ಮೇ ಮೊದಲ ಭಾಗಕ್ಕೆ ಎಲ್ಲರೂ ಮುಗಿಬಿದ್ದಿದ್ದಾರೆ.

ಯಲಹಂಕ: ಹಾಲ್ ಬಾಡಿಗೆಗೆ ಜಿಎಸ್‌ಟಿ ಎಷ್ಟು?

ಆಯೋಜಕಿ: ಮೇಲೆ ಇದೆ.

ಯಲಹಂಕ: ಮೇಲೆ ಎಲ್ಲಿ? ಒಂದು ಸಂಖ್ಯೆ ಬರೆಯುವುದಕ್ಕೆ ಏನು ಕಷ್ಟ?

ಆಯೋಜಕಿ: 18.

ಹೊಸ ಸದಸ್ಯ: ಪಟ್ಟಿ ಮಾಡಿದೆ, 700. ಈಗ ಹೇಳಿ ಒಳ್ಳೆ ಹಾಲ್ ಯಾವುದು?

ಮಲ್ಲೇಶ್ವರ: ಹಾಡು ಹಾಕುವುದಕ್ಕೆ ಕಾಪಿರೈಟ್ ಫೀ ಅಂತ ಹಾಲ್‌ನವರು ಬೇರೆ ದುಡ್ಡು ಕೇಳುತ್ತಿದ್ದಾರೆ, ಕೊಡಬೇಕಾ?

ಆಯೋಜಕಿ: ಬೇಡ. ಮದುವೆಗೆ ಸಂಬಂಧಿಸಿದ ಸಮಾರಂಭದಲ್ಲಿ ಹಾಡು ಹಾಕುವುದು ಉಲ್ಲಂಘನೆ ಅಲ್ಲ ಅಂತ ಕಾಪಿರೈಟ್ ಕಾಯಿದೆಯ 52ನೇ ಸೆಕ್ಷನ್‌ನಲ್ಲೇ ಇದೆ. 2023ರಲ್ಲಿ ಕೇಂದ್ರ ಸರ್ಕಾರ ಇದರ ಬಗ್ಗೆ ಪ್ರಕಟಣೆಯನ್ನೂ ಹೊರಡಿಸಿದೆ. ಅದರ ಪ್ರತಿ ತೋರಿಸಿ.

ಜಯನಗರದ ಅಕ್ಕ: ಮೇಡಂ, ಈಗಷ್ಟೇ ಹೋಗಿ ಬಂದೆ. ಹಿಂದೆ ಬಾಗಿಲು ಇದೆ. ಬೀಗ. ಕೀಲಿ ವಾಚ್‌ಮನ್ ಹತ್ತಿರ, ಅವನು ಊರಿಗೆ ಹೋಗಿದ್ದಾನೆ. ಸಿಲಿಂಡರ್ ಎಂಟು, ಒಲೆ ಪಕ್ಕದಲ್ಲೇ. ಪತ್ರ ಕೇಳಿದ್ದಕ್ಕೆ ಓನರ್ ಬೇಜಾರು ಮಾಡಿಕೊಂಡರು. ಮದುವೆಗೆ ಆರು ವಾರ ಇದೆ, ಬೇರೆ ಹಾಲ್ ಸಿಗುತ್ತಾ?

ಆಯೋಜಕಿ: ಬಿಟ್ಟುಬಿಡಿ ಅದನ್ನು. ಭಾನುವಾರವೇ ಬೇಕು ಅಂತ ಹಟ ಮಾಡದೆ ಪುರೋಹಿತರ ಹತ್ತಿರ ವಾರದ ನಡುವಿನ ಮುಹೂರ್ತ ಕೇಳಿ, ಆಗ ಹಾಲ್ ಸಿಗುತ್ತದೆ. ನೆಲಮಹಡಿಯಲ್ಲೇ ಊಟ ಇರುವುದನ್ನು ಹುಡುಕಿ, ಅದಕ್ಕಾಗಿ ನೂರು ಜನ ಕಡಿಮೆ ಕರೆದರೂ ಪರವಾಗಿಲ್ಲ. ನನಗೆ ಮೆಸೇಜ್ ಮಾಡಿ, ನಾಳೆ ಮಾತಾಡೋಣ.

ಮಗನ ಮದುವೆ 2026: ಮೂರನೇ ಸಲ ಕೇಳುತ್ತಿದ್ದೇನೆ. ಭಟ್ಟರಿಗೆ ಮುಂಗಡ ಕೊಟ್ಟಾಗಿದೆ, ಹಾಲ್‌ನವರು ಬಿಡುವುದಿಲ್ಲ ಅನ್ನುತ್ತಿದ್ದಾರೆ. ಯಾರಾದರೂ ಹೇಳಿ.