ಸಹಾಯ ಬೇಕು: 'ವಿಯರ್ಡ್' ಪದದ ಅಜ್ಜನಿಗೆ ಕನ್ನಡದಲ್ಲಿ ಏನನ್ನೋದು?

ಎಲ್ಲರಿಗೂ ನಮಸ್ಕಾರ. ಹಳೆ ಇಂಗ್ಲಿಷಿನ 'ಬೇವುಲ್ಫ್' ಕಾವ್ಯದ ಕೆಲವು ಸಾಲು ಕನ್ನಡಕ್ಕೆ ತರೋಕೆ ಹೋಗಿ 455ನೇ ಸಾಲಲ್ಲಿ ಸಿಕ್ಕಿಹಾಕಿಕೊಂಡಿದ್ದೀನಿ. ಗ್ರೆಂಡೆಲ್ ಅನ್ನೋ ರಾಕ್ಷಸನ ಜೊತೆ ಕಾದಾಡೋ ಮುನ್ನ ವೀರ ಬೇವುಲ್ಫ್ ಆಡುವ ಮಾತು. ಅಲ್ಲಿರೋ 'ವ್ಯುರ್ಡ್' ಈಗಿನ 'ವಿಯರ್ಡ್'ನ ಅಜ್ಜ, ಆದರೆ ಅರ್ಥ 'ವಿಚಿತ್ರ' ಅಲ್ಲ, 'ವಿಧಿ'. (ವಿಚಿತ್ರದ ಅರ್ಥ ಅಂಟಿದ್ದು ಶೇಕ್ಸ್‌ಪಿಯರ್‌ನ ನಾಟಕ ಮ್ಯಾಕ್‌ಬೆತ್‌ನ ಮೂವರು ಮಾಟಗಾತಿಯರ ದೆಸೆಯಿಂದ.) ಇದರ ಮೂಲ ಕ್ರಿಯಾಪದಕ್ಕೆ 'ಆಗು' ಅಂತ ಅರ್ಥ, ನಮ್ಮ 'ವರ್ತಿಸು', 'ವೃತ್ತ'ಗಳ ಹಿಂದಿರೋ ಸಂಸ್ಕೃತದ 'ವೃತ್' ಇದಕ್ಕೆ ದೂರದ ನೆಂಟ.

ಮೊದಲು 'ಹಣೆಬರಹ' ಅಂತ ಹಾಕಿದೆ. ಆದರೆ ಅಲ್ಲಿ ಬರೆಯೋಕೆ ಬ್ರಹ್ಮ ಬೇಕು. ಇದು ತಾನಾಗಿ ಆಗ್ತಾ ಹೋಗೋದು. 'ಆಗುಹೋಗು' ತೀರಾ ಸಪ್ಪೆ. ಹಳಗನ್ನಡದ 'ಬಿದಿ' ಒಪ್ಪುತ್ತಾ? ಬಲ್ಲವರು ದಯವಿಟ್ಟು ಹೇಳಿ.